ದರ್ಶಿನಿಯಲ್ಲಿ 11 ದಿನ ಶೂಟ್ ಮಾಡಿದೆ, ಈಗ ನೋಡಿದ್ರೆ ಸಿಸಿಟಿವಿ ಥರ ಇದೆ

ಬೈಟೂ_ಕಾಫಿ:

ಎಲ್ಲರಿಗೂ ನಮಸ್ಕಾರ. ಸ್ವಲ್ಪ ಉದ್ದ ಇದೆ, ಪುರುಸೊತ್ತಾದಾಗ ಓದಿ.

ಹೋದ ವರ್ಷ ಅಮೆರಿಕದ ಸಾಕ್ಷ್ಯಚಿತ್ರ ನಿರ್ದೇಶಕ ಫ್ರೆಡರಿಕ್ ವೈಸ್‌ಮನ್ ಅವರ ‘ಸಿಟಿ ಹಾಲ್’ ನೋಡಿದೆ. 2020ರ ಸಾಕ್ಷ್ಯಚಿತ್ರ, ಅಮೆರಿಕದ ಬಾಸ್ಟನ್ ನಗರಾಡಳಿತದ ಮೇಲೆ. 272 ನಿಮಿಷ. ಮುಗಿಸೋಕೆ ಮೂರು ರಾತ್ರಿ ಹಿಡಿಯಿತು. ನಿರೂಪಣೆ ಇಲ್ಲ, ಸಂದರ್ಶನ ಇಲ್ಲ, ಹಿನ್ನೆಲೆ ಸಂಗೀತ ಇಲ್ಲ, ಯಾರ ಹೆಸರೂ ಪರದೆ ಮೇಲೆ ಬರಲ್ಲ. ಜನ ನಗರದ ಸಹಾಯವಾಣಿ 311ಕ್ಕೆ ಫೋನ್ ಮಾಡಿ ದೂರು ಹೇಳುತ್ತಾರೆ. ಯಾರದ್ದೋ ಮದುವೆ ಆಗುತ್ತೆ. ಕಸದ ಲಾರಿಯೊಂದು ಇಡೀ ಹಾಸಿಗೆಯನ್ನು ನುಂಗಿ ಹಾಕುತ್ತೆ. ಆ ಲಾರಿಯನ್ನು ನಾನು ಬಾಯಿ ಬಿಟ್ಟುಕೊಂಡು ನೋಡಿದೆ. ನಮ್ಮ ಬೀದಿಗೆ ದಿನಾ ಬರುವ ಕಸದ ಆಟೋವನ್ನು ಒಂದು ದಿನವೂ ಹಾಗೆ ನೋಡಿಲ್ಲ.

ಅಲ್ಲಿಂದ ಹುಚ್ಚು ಹಿಡಿಯಿತು. ಬನಶಂಕರಿಯಲ್ಲಿ ನಮ್ಮ ಮನೆ ಹತ್ತಿರ ಒಂದು ದರ್ಶಿನಿ ಇದೆ. ಯಜಮಾನರು ಕುಂದಾಪುರದ ಕಡೆಯವರು, ನಾನು ಹೈಸ್ಕೂಲಲ್ಲಿ ಇದ್ದಾಗಿನಿಂದ ಪರಿಚಯ. ಕೇಳಿದ ತಕ್ಷಣ ಒಪ್ಪಿದರು. 11 ದಿನ, ಬೆಳಗ್ಗೆ ಐದೂವರೆಯಿಂದ ಹತ್ತರ ತನಕ, ನಾನು ಕ್ಯಾಮೆರಾ ಹಿಡಿದೆ, ಗೆಳೆಯ ಮೈಕ್ ಹಿಡಿದ. ಇಡ್ಲಿ ಪೆಟ್ಟಿಗೆ ತೆಗೆದಾಗ ಏಳುವ ಹಬೆ, ಕಾದ ಕಲ್ಲಿನ ಮೇಲೆ ನೀರು ಚಿಮುಕಿಸಿ ಪೊರಕೆಯಲ್ಲಿ ಗುಡಿಸಿ ಹಿಟ್ಟು ಹುಯ್ಯೋದು, ಗಲ್ಲಾದ ಮುಂದಿನ ಕ್ಯೂ, ನಿಂತು ತಿನ್ನುವವರು, ಎಲ್ಲ ಇದೆ. ಒಟ್ಟು 31 ಗಂಟೆ, ಹಾರ್ಡ್ ಡಿಸ್ಕಿನಲ್ಲಿ ಹತ್ತಿರ ಹತ್ತಿರ 1.4 ಟೀಬಿ.

ಆದರೆ ಜೀವ ಇಲ್ಲ ಕಣ್ರೀ. ಅರ್ಧ ಜನ ಕ್ಯಾಮೆರಾನೇ ನೋಡುತ್ತಾರೆ. ಒಬ್ಬರಂತೂ ಬಾಯಲ್ಲಿ ವಡೆ ಇಟ್ಟುಕೊಂಡೇ “ಯಾವ ಚಾನೆಲ್ಲು?” ಅಂತ ಕೇಳಿದರು. ತಟ್ಟೆ ತೊಳೆಯುವ ಹುಡುಗ ಒಬ್ಬ ಇದ್ದಾನೆ, ಇಪ್ಪತ್ತೆರಡು ಇಪ್ಪತ್ಮೂರು ಇರಬಹುದು, ನಾನು ಆ ಕಡೆ ತಿರುಗಿದರೆ ಸಾಕು, ಬೆನ್ನು ಹಾಕಿ ನಿಲ್ಲುತ್ತಾನೆ. ಒಳ್ಳೊಳ್ಳೆ ಫ್ರೇಮ್ ಎಲ್ಲ ಅವನಿಂದ ಹಾಳಾಗಿದೆ.

ಕೊನೆ ದಿನ ಯಜಮಾನರಿಗೆ ಲ್ಯಾಪ್‌ಟಾಪಿನಲ್ಲಿ ಇಪ್ಪತ್ತು ನಿಮಿಷ ತೋರಿಸಿದೆ. ಗಲ್ಲಾದ ಮೇಲಿರುವ ಸಿಸಿಟಿವಿ ಪರದೆಗೆ ಬೆರಳು ತೋರಿಸಿ, “ಎಂತ ಮಾರಾಯ, ಇದು ನನ್ನ ಹತ್ರವೂ ಉಂಟಲ್ಲ, ಇಪ್ಪತ್ನಾಲ್ಕು ಗಂಟೆ. ನೀನು ಕಾಲು ನೋಯಿಸಿಕೊಂಡದ್ದು ಎಂತಕ್ಕೆ?” ಅಂದರು. ನಗುತ್ತಲೇ ಅಂದರು, ಆದರೆ ಆ ರಾತ್ರಿ ನಿದ್ದೆ ಬರಲಿಲ್ಲ.

ಸುಮ್ನೆ ನೋಡ್ತಾ ಕೂರೋದಕ್ಕೂ ಇಂಥ ಸಿನಿಮಾಕ್ಕೂ ಏನು ವ್ಯತ್ಯಾಸ? ವೈಸ್‌ಮನ್ ಏನು ಮಾಡಿದರು, ನಾನು ಏನು ಬಿಟ್ಟೆ? ನಿರೂಪಣೆ ಹಾಕಿ ಮುಗಿಸಿಬಿಡಲಾ?

ಕತ್ತರಿ:

ಯಜಮಾನರು ಕೇಳಿದ್ದು ಸರಿಯಾದ ಪ್ರಶ್ನೆ. ಅವರಿಗೊಂದು ಕಾಫಿ ನನ್ನ ಲೆಕ್ಕದಲ್ಲಿ.

ಹದಿನಾಲ್ಕು ವರ್ಷದಿಂದ ಎಡಿಟಿಂಗ್ ಮಾಡ್ತಿದ್ದೀನಿ. ಇಂಥ ಚಿತ್ರಗಳಿಗೆ ‘ಗೋಡೆ ಮೇಲಿನ ನೊಣ’ ಅಂತ ಒಂದು ಮಾತು ಅಂಟಿಕೊಂಡಿದೆ, ಸುಮ್ನೆ ಕೂತು ಎಲ್ಲ ನೋಡುತ್ತೆ ಅನ್ನೋ ಅರ್ಥದಲ್ಲಿ. ವೈಸ್‌ಮನ್‌ಗೆ ಆ ಮಾತು ಕಂಡರೆ ಆಗುತ್ತಿರಲಿಲ್ಲ. ನೊಣಕ್ಕೆ ಪ್ರಜ್ಞೆ ಇರಲ್ಲ, ನನಗೆ ಚೂರಾದರೂ ಇದೆ ಅಂತ ತಮಾಷೆ ಮಾಡುತ್ತಿದ್ದರು. ಒಂದು ಚಿತ್ರಕ್ಕೆ ನೂರು ಗಂಟೆಗೂ ಮೇಲೆ ಚಿತ್ರೀಕರಣ, ಆಮೇಲೆ ಒಂದು ವರ್ಷದ ಹತ್ತಿರ ಎಡಿಟಿಂಗ್, ಅದೂ ಸ್ವತಃ ಅವರೇ. ಮೊದಲೇ ಬರೆದ ಸ್ಕ್ರಿಪ್ಟ್ ಇಲ್ಲ. ಸಿನಿಮಾ ಏನು ಹೇಳುತ್ತೆ ಅನ್ನೋದು ಎಡಿಟಿಂಗ್ ಟೇಬಲ್ ಮೇಲೆ ಗೊತ್ತಾಗುತ್ತಿತ್ತು.

ನಿಮ್ಮ ಹೋಟೆಲಿನ ಸಿಸಿಟಿವಿ ಒಂದು ಮೂಲೆಯಿಂದ ಎಲ್ಲರ ನೆತ್ತಿ ನೋಡುತ್ತೆ. ಯಾರೋ ಜೋರಾಗಿ ಮಾತಾಡಿದರೆ ಅದು ಆ ಕಡೆ ತಿರುಗಲ್ಲ. ನೀವು ತಿರುಗಿದ್ದೀರಾ? ಪ್ರಾಮಾಣಿಕವಾಗಿ ಹೇಳಿ. 31 ಗಂಟೆಯಲ್ಲಿ ಒಬ್ಬರು ಮಾತು ಶುರು ಮಾಡಿದ್ದರಿಂದ ಹಿಡಿದು ಆ ಮಾತು ಮುಗಿಯೋ ತನಕ ಕದಲದೆ ಹಿಡಿದಿರೋ ಶಾಟ್ ಎಷ್ಟಿವೆ? ನನ್ನ ಅಂದಾಜು, ಇಡ್ಲಿ ಹಬೆ ನಲವತ್ತು ಸಲ ಇದೆ, ಮಾತು ಮೂರು ಸಲ ಇದೆ.

ಇನ್ನೊಂದು. ವೈಸ್‌ಮನ್ ಚಿತ್ರದಲ್ಲಿ ಆರು ನಿಮಿಷದ ಸಭೆ ಅಂತ ಕಾಣೋದು ನಿಜಕ್ಕೂ ಒಂದೂವರೆ ಗಂಟೆಯ ಸಭೆ ಆಗಿರಬಹುದು. ಅಲ್ಲೊಂದು ಮಾತು, ಇಲ್ಲೊಂದು ಮಾತು ತೆಗೆದು, ಸಭೆ ಅಷ್ಟೇ ಇತ್ತು ಅನ್ನೋ ಹಾಗೆ ಜೋಡಿಸಿರುತ್ತಾರೆ. ಜೋಡಿಸೋಕೆ ಸಿಮೆಂಟ್ ಬೇಕಲ್ಲ? ಅದು ಕೇಳುತ್ತಿರುವವರ ಮುಖ. ಕೈ ಕಟ್ಟಿ ಕೂತವನು, ಪೆನ್ನು ತಿರುಗಿಸುವವಳು, ಆಕಳಿಸುವವನು. ಒಂದೇ ಕ್ಯಾಮೆರಾ ಇರುವಾಗ ಮಾತಾಡುವವರನ್ನು ಬಿಟ್ಟು ಕೇಳುವವರ ಕಡೆ ತಿರುಗೋಕೆ ಧೈರ್ಯ ಬೇಕು. ನೀವು ತಂದಿಲ್ಲ ಅಂದರೆ ಎಡಿಟರ್ ಅದನ್ನು ಹುಟ್ಟಿಸಕ್ಕಾಗಲ್ಲ.

ಕ್ಯಾಮೆರಾ ನೋಡೋ ಜನದ ವಿಷಯ: ಎಂಟು ನಿಮಿಷಕ್ಕೆ ತಿಂದು ಹೋಗೋ ಗಿರಾಕಿ ನೋಡೇ ನೋಡುತ್ತಾನೆ. ಅವನಿಗೆ ನೀವು ಹೊಸಬರು, ಜೊತೆಗೆ ಅವನಿಗೆ ಬೇರೆ ಕೆಲಸ ಇಲ್ಲ. ‘ಸಿಟಿ ಹಾಲ್’ನಲ್ಲಿ ಪಾರ್ಕಿಂಗ್ ದಂಡದ ಮೇಲೆ ವಾದ ಮಾಡುವವರು ಲೆನ್ಸ್ ಕಡೆ ಕಣ್ಣು ಹಾಯಿಸಲ್ಲ, ಯಾಕೆ ಅಂದ್ರೆ ದಂಡ ಅವರ ಜೇಬಿನಿಂದ ಹೋಗುತ್ತೆ. ನಿಮ್ಮ ದರ್ಶಿನಿಯಲ್ಲಿ ಯಾರ ಜೇಬು, ಯಾರ ಮಾನ, ಯಾರ ಹೊತ್ತು ಪಣಕ್ಕಿದೆ? ಹತ್ತು ಗಂಟೆ ನಿಲ್ಲುವವರು ಒಳಗಿನವರು. ಅವರಿಗೆ ನಿಮ್ಮನ್ನು ನೋಡೋಕೆ ಪುರುಸೊತ್ತಿಲ್ಲ.

ನಿರೂಪಣೆ ಬೇಡ. ಈಗ ಹಾಕಿದರೆ ಅದು ಬ್ಯಾಂಡೇಜು.

ಹಳೇ_ಟಾಕೀಸು:

ನಿರೂಪಣೆಗೆ ಬೈದರೆ ಈಗಿನವರಿಗೆ ಒಂಥರಾ ಖುಷಿ. ನಾನು ಹೇಳ್ತೀನಿ ಕೇಳಿ. ನಾವೆಲ್ಲ ಟಾಕೀಸಿನಲ್ಲಿ ಮೇನ್ ಪಿಕ್ಚರ್ ಮೊದಲು ಫಿಲ್ಮ್ಸ್ ಡಿವಿಷನ್‌ನ ರೀಲು ನೋಡಿ ಬೆಳೆದವರು. 1948ರಲ್ಲಿ ಶುರುವಾದ ಸರ್ಕಾರಿ ಸಾಕ್ಷ್ಯಚಿತ್ರ ಸಂಸ್ಥೆ, ಥಿಯೇಟರಿನವರು ಕಡ್ಡಾಯವಾಗಿ ಹಾಕಬೇಕಿತ್ತು. ಅಣೆಕಟ್ಟು, ಕಾರ್ಖಾನೆ, ಪ್ರವಾಹ, ಎಲ್ಲದಕ್ಕೂ ಒಂದೇ ಗಡಸು ದನಿ. ಕಡಲೆಕಾಯಿ ತಿನ್ನೋ ಹೊತ್ತು ಅದು, ಒಪ್ಪುತ್ತೇನೆ. ಆದರೂ ಹತ್ತು ನಿಮಿಷದಲ್ಲಿ ಏನು, ಎತ್ತ, ಎಷ್ಟು ಅಂತ ಹೇಳಿ ಬಿಡುತ್ತಿದ್ದರು. ನಾಲ್ಕೂವರೆ ಗಂಟೆ ಬಾಸ್ಟನ್ ಆಫೀಸಿನಲ್ಲಿ ಕೂರಿಸಿ, ಮಾತಾಡುತ್ತಿರುವವನು ಮೇಯರೋ ಗುಮಾಸ್ತನೋ ಅಂತಲೂ ಹೇಳಲ್ಲ ಅಂದರೆ ಅದು ನೋಡುಗರ ಮೇಲೆ ಗೌರವವಾ, ಸೋಮಾರಿತನವಾ? ಅಲ್ಲಿಯವರಿಗೆ ಮುಖ ಗೊತ್ತಿರುತ್ತೆ. ನಮಗೆ?

ಅದೂ ಅಲ್ಲದೆ ದರ್ಶಿನಿಯಲ್ಲಿ ನೋಡೋದು ಏನಿದೆ ಸ್ವಾಮಿ. ತಿನ್ನೋದು ಬಿಟ್ಟು.

ಏಳನೇ_ರೈಲು:

ಹಳೇ ಟಾಕೀಸು ಸರ್, ಅರ್ಧ ಒಪ್ಪುತ್ತೇನೆ, ಅರ್ಧ ಜಗಳ ಆಡ್ತೀನಿ.

ನಾನು ಮೈಸೂರಿನವಳು, ನ್ಯೂಯಾರ್ಕಿನ ಕ್ವೀನ್ಸ್‌ನಲ್ಲಿ ಇದ್ದೀನಿ. ವೈಸ್‌ಮನ್ 2015ರಲ್ಲಿ ನಮ್ಮ ಪಕ್ಕದ ಬಡಾವಣೆ ಮೇಲೆ ‘ಇನ್ ಜಾಕ್ಸನ್ ಹೈಟ್ಸ್’ ಅಂತ ಮಾಡಿದರು, 190 ನಿಮಿಷ. ಅಲ್ಲಿ 167 ಭಾಷೆ ಮಾತಾಡುತ್ತಾರೆ ಅಂತ ಚಿತ್ರದೊಳಗೇ ಒಬ್ಬರು ಹೇಳುತ್ತಾರೆ. (ಕಿವಿ ನೆಟ್ಟಗೆ ಮಾಡಿಕೊಂಡು ನೋಡಿದೆ, ನನಗೆ ಕನ್ನಡ ಕೇಳಿಸಲಿಲ್ಲ. ನನ್ನ ಸಣ್ಣ ದೂರು.) ರೂಸ್‌ವೆಲ್ಟ್ ಅವೆನ್ಯೂ ಮೇಲೆ ಏಳನೇ ನಂಬರ್ ರೈಲು ಕಬ್ಬಿಣದ ಕಂಬಗಳ ಮೇಲೆ ಓಡುತ್ತೆ, ಅದು ಬಂದಾಗ ಕೆಳಗಿನ ಮಾತೆಲ್ಲ ಮುಚ್ಚಿ ಹೋಗುತ್ತೆ. ನುಗ್ಗೆಕಾಯಿ, ಕರಿಬೇವು ಬೇಕು ಅಂದ್ರೆ ನಾನು 74ನೇ ಬೀದಿಗೆ ಹೋಗ್ತೀನಿ, ಆ ರೈಲಿನ ಕೆಳಗಿಂದಲೇ ವರ್ಷಗಟ್ಟಲೆ ನಡೆದಿದ್ದೀನಿ.

ಚಿತ್ರದಲ್ಲಿ ಸಣ್ಣ ಅಂಗಡಿಯವರ ಸಭೆ ಇದೆ, ಹೆಚ್ಚಾಗಿ ಸ್ಪ್ಯಾನಿಷ್‌ನಲ್ಲಿ. ಬೀದಿಯನ್ನು ‘ಅಭಿವೃದ್ಧಿ’ ಮಾಡೋ ಒಂದು ಯೋಜನೆ ಬರ್ತಿದೆ, ಬಂದರೆ ಬಾಡಿಗೆ ಏರುತ್ತೆ, ದೊಡ್ಡ ಅಂಗಡಿಗಳು ಬರುತ್ತವೆ, ನಾವು ಎದ್ದು ಹೋಗಬೇಕಾಗುತ್ತೆ ಅನ್ನೋ ಭಯ. ಮಾತು ಉದ್ದ ಹೋಗುತ್ತೆ, ಮತ್ತೆ ಮತ್ತೆ ಬರುತ್ತೆ. ನಿರೂಪಣೆ ಹಾಕಿದ್ದರೆ ಎರಡು ವಾಕ್ಯದಲ್ಲಿ ಮುಗಿಯುತ್ತಿತ್ತು, ನಾನೂ ‘ಓ ಹೌದಾ’ ಅಂದು ಮರೆಯುತ್ತಿದ್ದೆ. ಅವರು ಹೇಳಿದ್ದನ್ನೇ ಹೇಳ್ತಾ, ತಡವರಿಸ್ತಾ, ಸಿಟ್ಟಾಗ್ತಾ ಇರೋದನ್ನು ಅಷ್ಟು ಹೊತ್ತು ಕೂತು ಕೇಳಿದ ಮೇಲೆ, ಆ ಶನಿವಾರ ತರಕಾರಿಗೆ ಹೋದಾಗ ಪ್ರತಿ ಅಂಗಡಿ ಬಾಗಿಲಲ್ಲಿ ನಿಂತವರ ಮುಖ ನೋಡಿದೆ. ಮೊದಲು ಬರೀ ಬೋರ್ಡು ನೋಡುತ್ತಿದ್ದೆ.

ಟ್ಯಾಕ್ಸಿ ಓಡಿಸೋದು ಕಲಿಯುವ ತರಗತಿಯ ದೃಶ್ಯ ಒಂದಿದೆ, ನನಗೆ ಅದೇ ಇಷ್ಟ. ಹೊಸದಾಗಿ ಬಂದವರಿಗೆ ದಿಕ್ಕು ಹೇಳಿಕೊಡುತ್ತಾರೆ, ಉತ್ತರ ಯಾವುದು, ದಕ್ಷಿಣ ಯಾವುದು ಅಂತ. ಬೇರೆ ಯಾರ ಸಿನಿಮಾದಲ್ಲೂ ಅದನ್ನು ಅಷ್ಟು ಹೊತ್ತು ಇಡುತ್ತಿರಲಿಲ್ಲ.

ಆದರೆ ಯಾರು ಯಾರು ಅಂತ ಗೊತ್ತಾಗದೆ ಒದ್ದಾಡೋದು ನಿಜ. ಎರಡನೇ ಸಲ ನೋಡಿದಾಗಲೇ ನನಗೆ ಸರಿಯಾಗಿ ಹತ್ತಿದ್ದು.

ವಕೀಲಮ್ಮ:

ನಾನು ಸಿನಿಮಾದವಳಲ್ಲ. ನನ್ನ ಕಣ್ಣು ನಿಂತಿದ್ದು ಆ ತಟ್ಟೆ ತೊಳೆಯುವ ಹುಡುಗನ ಮೇಲೆ. ಫ್ರೇಮ್ ಹಾಳು ಮಾಡಿದ ಅಂತ ಬರೆದಿದ್ದೀರಿ. ಯಜಮಾನರನ್ನು ಕೇಳಿದ್ರಿ, ಅವರು ಒಪ್ಪಿದರು. ಅವನನ್ನು ಕೇಳಿದ್ರಾ?

ವೈಸ್‌ಮನ್ ಕೂಡ ಮೂಲತಃ ವಕೀಲರು, ಕಾನೂನು ಪಾಠ ಮಾಡುತ್ತಿದ್ದವರು. ವಿದ್ಯಾರ್ಥಿಗಳನ್ನು ಕರೆದುಕೊಂಡು ಮ್ಯಾಸಚೂಸೆಟ್ಸ್‌ನ ಬ್ರಿಡ್ಜ್‌ವಾಟರ್‌ನಲ್ಲಿ ಮಾನಸಿಕ ಅಸ್ವಸ್ಥ ಕೈದಿಗಳನ್ನು ಇಡುತ್ತಿದ್ದ ಆಸ್ಪತ್ರೆಗೆ ಹೋಗುತ್ತಿದ್ದರು. ಅಲ್ಲೇ ಮೊದಲ ಚಿತ್ರ ಮಾಡಿದರು, 1967ರ ‘ಟಿಟಿಕಟ್ ಫಾಲೀಸ್’. ಕೈದಿಗಳನ್ನು ಬೆತ್ತಲೆ ಇಡೋದು, ಮೂಗಿನಲ್ಲಿ ನಳಿಕೆ ತೂರಿಸಿ ಬಲವಂತವಾಗಿ ಊಟ ಇಳಿಸೋದು, ಎಲ್ಲ ಅದರಲ್ಲಿದೆ. ಒಳಗೆ ಹೋಗಲು ಅನುಮತಿ ಇತ್ತು. ಆದರೂ ಕೈದಿಗಳ ಖಾಸಗಿತನಕ್ಕೆ ಧಕ್ಕೆ ಆಗಿದೆ ಅಂತ ರಾಜ್ಯ ಸರ್ಕಾರ ಕೋರ್ಟಿಗೆ ಹೋಯಿತು. 1968ರಲ್ಲಿ ಪ್ರತಿಗಳನ್ನೇ ನಾಶ ಮಾಡಿ ಅಂತ ಆದೇಶ ಬಂತು. ಮೇಲ್ಮನವಿಯಲ್ಲಿ ಅದು ತಪ್ಪಿತು, ಆದರೆ ಆ ರಾಜ್ಯದಲ್ಲಿ ವೈದ್ಯರು, ವಕೀಲರು ಅಂಥವರು ಮಾತ್ರ ನೋಡಬಹುದು ಅಂತಾಯಿತು. ಸಾಮಾನ್ಯ ಜನರಿಗೆ ಬಾಗಿಲು ತೆರೆದದ್ದು 1991ರಲ್ಲಿ. ಇಪ್ಪತ್ತು ವರ್ಷದ ಮೇಲೆ.

ಸರ್ಕಾರ ತನ್ನ ಮುಖ ಉಳಿಸಿಕೊಳ್ಳಲು ಖಾಸಗಿತನದ ಹೆಸರು ತೆಗೆಯಿತು ಅಂತ ವೈಸ್‌ಮನ್ ಕಡೆಯ ವಾದ. ನನಗೂ ಹಾಗೇ ಅನಿಸುತ್ತೆ. ಹಾಗಂತ ಆ ಬೆತ್ತಲೆ ಕೈದಿ ನಿಜಕ್ಕೂ ಒಪ್ಪುವ ಸ್ಥಿತಿಯಲ್ಲಿದ್ದನಾ ಅನ್ನೋ ಪ್ರಶ್ನೆ ಅಳಿಸಿ ಹೋಗಲ್ಲ. ನಿಮ್ಮದು ಹೋಟೆಲು, ಅಷ್ಟು ಘೋರ ಏನಲ್ಲ. ಆದರೂ ಸಂಬಳ ಕೊಡುವವರು ಹೂಂ ಅಂದ ಮೇಲೆ ಸಂಬಳ ತಗೊಳ್ಳುವವನು ಬಾಯಲ್ಲಿ ಬೇಡ ಅನ್ನಲ್ಲ. ಬೆನ್ನಲ್ಲಿ ಹೇಳ್ತಾನೆ.

ಬೈಟೂ_ಕಾಫಿ:

ಮೇಡಂ, ಕೇಳಿಲ್ಲ. ನಾಚಿಕೆ ಆಯ್ತು. ಅವನಿಗೆ ಸಂಕೋಚ ಇರಬೇಕು ಅಂದುಕೊಂಡಿದ್ದೆ. ನಾಳೆನೇ ಹೋಗಿ ಕೇಳ್ತೀನಿ.

ಕತ್ತರಿ ಸರ್, ಎಣಿಸಿದೆ. ಹಬೆ 53 ಸಲ. ಶುರುವಿಂದ ಕೊನೆ ತನಕ ಇರೋ ಮಾತು 2. ಅದರಲ್ಲಿ ಒಂದು ನನ್ನದೇ, ಗೆಳೆಯನ ಜೊತೆ ಬ್ಯಾಟರಿ ವಿಷಯಕ್ಕೆ ಜಗಳ.

ಧ್ವನಿಪೆಟ್ಟಿಗೆ:

ಇಷ್ಟೆಲ್ಲ ಮಾತಾಡಿದ್ರಿ, ಒಂದು ಯಾರೂ ಹೇಳಲಿಲ್ಲ. ವೈಸ್‌ಮನ್ ಕ್ಯಾಮೆರಾ ಹಿಡೀತಿರಲಿಲ್ಲ. ಮೈಕ್ ಹಿಡೀತಿದ್ದರು.

ದಶಕಗಟ್ಟಲೆ ಅವರ ಕ್ಯಾಮೆರಾಮನ್ ಜಾನ್ ಡೇವಿ. ನಿರ್ದೇಶಕರು ಕೋಲಿಗೆ ಸಿಕ್ಕಿಸಿದ ಮೈಕ್ ಹಿಡಿದು, ಕಿವಿಗೆ ಹೆಡ್‌ಫೋನ್ ಹಾಕಿ ಪಕ್ಕದಲ್ಲಿರುತ್ತಿದ್ದರು. ಮಾತು ಎಲ್ಲಿ ಹುಟ್ಟುತ್ತೋ ಮೈಕ್ ಅಲ್ಲಿಗೆ, ಮೈಕ್ ಎಲ್ಲಿಗೋ ಕ್ಯಾಮೆರಾ ಅಲ್ಲಿಗೆ, ಬಾಯಿ ಬಿಡದೆ ಸನ್ನೆಯಲ್ಲೇ. ಜೊತೆಗೆ ಮೂರನೆಯವರು ಒಬ್ಬರು. ಲೈಟ್ ಇಲ್ಲ. 16 ಎಂಎಂ ಫಿಲ್ಮ್ ಕಾಲದಲ್ಲಿ 400 ಅಡಿಯ ಒಂದು ಮ್ಯಾಗಜೀನ್ (ಕ್ಯಾಮೆರಾಗೆ ಸಿಕ್ಕಿಸೋ ಫಿಲ್ಮ್ ಡಬ್ಬಿ) ಹನ್ನೊಂದು ನಿಮಿಷಕ್ಕೆ ಖಾಲಿ. ಅಂದ್ರೆ ಎಲ್ಲವನ್ನೂ ತುಂಬಿಕೊಂಡು ಆಮೇಲೆ ನೋಡೋಣ ಅನ್ನೋ ಹಾಗಿರಲಿಲ್ಲ. ಇದು ಬೆಳೆಯೋ ಮಾತಾ, ಬರೀ ಲೋಕಾಭಿರಾಮನಾ ಅಂತ ಕಿವಿಯಲ್ಲೇ ತೀರ್ಮಾನ ಆಗಬೇಕಿತ್ತು. ನಿಮ್ಮ ಮೆಮೊರಿ ಕಾರ್ಡು ಅಗ್ಗ. ಅದೇ ಕಷ್ಟ.

ಆದ್ದರಿಂದ ಕ್ಯಾಮೆರಾ ಗೆಳೆಯನಿಗೆ ಕೊಡಿ, ಮೈಕ್ ನೀವು ಹಿಡಿಯಿರಿ. ಸಿನಿಮಾ ನಿಮ್ಮ ತಲೆಯಲ್ಲಿದೆ ಅಂದ್ರೆ ಹೆಡ್‌ಫೋನ್ ಅದೇ ತಲೆ ಮೇಲೆ ಇರಲಿ.

ದರ್ಶಿನಿ ಸೌಂಡಿಗೆ ನರಕ, ಅದನ್ನೂ ಹೇಳ್ತೀನಿ. ಸ್ಟೀಲು, ಟೈಲ್ಸು, ಗ್ರಾನೈಟು, ಎಲ್ಲ ಸದ್ದನ್ನು ವಾಪಸ್ ಎಸೆಯುತ್ತವೆ. ಉದ್ದದ ಶಾಟ್‌ಗನ್ ಮೈಕ್ ಒಳಗೆ ಗವಿಯಲ್ಲಿ ಮಾತಾಡಿದ ಹಾಗೆ ಕೇಳಿಸುತ್ತೆ, ಎದುರಿನ ಸದ್ದನ್ನೇ ಹೆಚ್ಚು ಹಿಡಿಯೋ ಗಿಡ್ಡ ಹೈಪರ್‌ಕಾರ್ಡಿಯಾಯ್ಡ್ ಮೈಕ್ ಬಾಡಿಗೆಗೆ ತಗೊಳ್ಳಿ. ಎಕ್ಸಾಸ್ಟ್ ಫ್ಯಾನ್ ನಿಲ್ಲಿಸಿ ಅಂತ ಕೇಳಬೇಡಿ, ಭಟ್ರು ಸೌಟಲ್ಲಿ ಹೊಡೀತಾರೆ. ಅದರಿಂದ ದೂರ ನಿಂತು, ಯಾರೂ ಮಾತಾಡದಾಗ ಎರಡು ನಿಮಿಷ ಬರೀ ಜಾಗದ ಸದ್ದು ರೆಕಾರ್ಡ್ ಮಾಡಿ, ಎಡಿಟಿಂಗಿನಲ್ಲಿ ಅದೇ ಅಂಟು. ಟ್ಯೂಬ್‌ಲೈಟ್ ಮಿನುಗುತ್ತಿದ್ದರೆ ಕ್ಯಾಮೆರಾದ ಶಟರ್ 1/50 ಸೆಕೆಂಡಿಗೆ ಇಡಿ, ನಮ್ಮ ಕರೆಂಟು 50 ಹರ್ಟ್ಜ್.

ಗಲ್ಲಾದ ಹತ್ತಿರ ನಿಲ್ಲಿ. ಹೋಟೆಲಿನ ಮಾತೆಲ್ಲ ಹುಟ್ಟೋದು ಅಲ್ಲೇ.

ಹಳೇ_ಟಾಕೀಸು:

ಸೌಟಿನ ಮಾತು ಮಾತ್ರ ನಿಜ.

ಬೈಟೂ_ಕಾಫಿ (ಐದು ವಾರ ಆದ ಮೇಲೆ):

ಮತ್ತೆ ಆರು ಬೆಳಗ್ಗೆ ಹೋದೆವು. ಈ ಸಲ ಬರೀ 7 ಗಂಟೆ ಫುಟೇಜ್.

ಮೊದಲು ಆ ಹುಡುಗನ ವಿಷಯ. ಕೇಳಿದೆ. ಮನೆಯಲ್ಲಿ ಅವನು ಬೆಂಗಳೂರಿನ ಹೋಟೆಲಿನಲ್ಲಿ ಕ್ಯಾಶಿಯರ್ ಅಂತ ಹೇಳಿಕೊಂಡಿದ್ದಾನಂತೆ. ಮದುವೆಗೆ ಹೆಣ್ಣು ನೋಡುತ್ತಿದ್ದಾರೆ. “ಅಣ್ಣಾ, ಯೂಟ್ಯೂಬಿಗೆ ಬಂದ್ರೆ ಊರಲ್ಲಿ ಗೊತ್ತಾಗುತ್ತೆ” ಅಂದ. ಹಳೆ 31 ಗಂಟೆಯಲ್ಲಿ ಅವನ ಮುಖ ಇದ್ದ ಕ್ಲಿಪ್ ಎಲ್ಲ ಅವನ ಎದುರಿಗೇ ಅಳಿಸಿದೆ. ಅದರಲ್ಲಿ ಎರಡು ನಿಜಕ್ಕೂ ಚೆನ್ನಾಗಿದ್ದವು. ಇದನ್ನು ಇಲ್ಲಿ ಬರೀಬಹುದಾ ಅಂತಲೂ ಕೇಳಿದೆ, ಹೋಟೆಲ್ ಹೆಸರು ಹಾಕದಿದ್ದರೆ ಸರಿ ಅಂದ. ಈಗ ನಾವು ಬಂದರೆ ಅವನೇ, “ಇವತ್ತು ಚಟ್ನಿ ರುಬ್ಬೋದು ಇದೆ, ಅಲ್ಲಿಗೆ ಹೋಗಿ” ಅಂತ ಕಳಿಸುತ್ತಾನೆ.

ಮೈಕ್ ನಾನೇ ಹಿಡಿದೆ. ಗಲ್ಲಾದ ಪಕ್ಕ, ನೀರಿನ ಡ್ರಮ್ಮಿಗೆ ಒರಗಿ ನಿಂತೆ. ಮೊದಲ ದಿನ ತಲೆ ನೋವು ಬಂತು. ಹೆಡ್‌ಫೋನಿನಲ್ಲಿ ಲೋಟದ ಸದ್ದು ಗುಂಡು ಹೊಡೆದ ಹಾಗೆ. ಎರಡನೇ ದಿನದಿಂದ ಒಂದು ವಿಷಯ ಹಿಡಿಯಿತು. ದುಡ್ಡು ಬಂದರೆ ಕೂಗಿ ಹೇಳೋ ಡಬ್ಬಿ ಇರುತ್ತಲ್ಲ, ಕ್ಯೂಆರ್ ಕೋಡಿನ ಪಕ್ಕ, ಇಡೀ ಹೋಟೆಲ್ ನಡೆಯೋದು ಅದರ ದನಿಯ ಮೇಲೆ. ಯಜಮಾನರು ಗಿರಾಕಿಯ ಮುಖ ನೋಡಲ್ಲ, ಫೋನೂ ನೋಡಲ್ಲ, ಡಬ್ಬಿ ಮಾತಾಡಿತು ಅಂದ್ರೆ ಟೋಕನ್ ಹರಿದು ಕೊಡುತ್ತಾರೆ. ಹನ್ನೊಂದು ದಿನ ಅಲ್ಲೇ ನಿಂತಿದ್ದೆ, ನನಗೆ ಅದು ಕೇಳಿಸಿಯೇ ಇರಲಿಲ್ಲ.

ನಾಲ್ಕನೇ ದಿನ, ಏಳೂಕಾಲು ಇರಬೇಕು. ಒಬ್ಬ ಅಜ್ಜ, ಮಂಕಿ ಟೋಪಿ, ಕಂಕುಳಲ್ಲಿ ಪೇಪರ್. ಕಾಫಿಗೆ ಫೋನಿನಿಂದ ಕೊಟ್ಟರು. ಡಬ್ಬಿ ಸುಮ್ಮನಿದೆ. ಫೋನಿನಲ್ಲಿ ದುಡ್ಡು ಹೋಗಿದೆ ಅಂತ ಬಂದಿದೆ, ಯಜಮಾನರಿಗೆ ತೋರಿಸಿದರು. ದಿನಾ ಬರೋ ಗಿರಾಕಿ, “ಇರಲಿ ಬಿಡಿ, ಕುಡಿಯಿರಿ” ಅಂತ ಅವರು ಟೋಕನ್ ಕೊಟ್ಟೇಬಿಟ್ಟರು. ಅಜ್ಜ ಕಾಫಿ ತಗೊಂಡು ಬಂದು ಡಬ್ಬಿಯ ಎದುರಿಗೇ ನಿಂತರು. ಕುಡಿಯಲಿಲ್ಲ. ಹಿಂದೆ ಕ್ಯೂ ಬೆಳೀತಿದೆ, ಒಬ್ಬ “ಸರ್ ಸ್ವಲ್ಪ ಪಕ್ಕಕ್ಕೆ” ಅಂತಾನೆ, ಇವರು ಒಂದು ಹೆಜ್ಜೆ ಸರಿದು ಮತ್ತೆ ಅಲ್ಲೇ. ಯಜಮಾನರು “ಎಂತ ಸರ್, ಬಿಡಿ ಅಂದೆನಲ್ಲ” ಅಂದರು. “ಇಲ್ಲಪ್ಪ, ಅದು ಹೇಳಲಿ” ಅಂದರು ಅಜ್ಜ. ಗೆಳೆಯ ಕ್ಯಾಮೆರಾ ಅಜ್ಜನ ಮೇಲಿಂದ ತೆಗೆದು ಕ್ಯೂ ಕಡೆ ತಿರುಗಿಸಿದ. ಕತ್ತರಿ ಸರ್ ಹೇಳಿದ ಸಿಮೆಂಟು! ಎಲ್ಲರೂ ಡಬ್ಬಿನೇ ನೋಡ್ತಿದ್ದಾರೆ. ಒಬ್ಬರೂ ಕ್ಯಾಮೆರಾ ನೋಡ್ತಿಲ್ಲ.

ನಾಲ್ಕು ನಿಮಿಷ ಹತ್ತು ಸೆಕೆಂಡ್ ಇದೆ. ಒಂದೇ ಒಂದು ಕಡೆ ಕತ್ತರಿಸಿದ್ದೀನಿ. ಯಜಮಾನರಿಗೆ ತೋರಿಸಿದಾಗ ಅವರು ಸಿಸಿಟಿವಿ ಕಡೆ ನೋಡಲಿಲ್ಲ, “ಇನ್ನೊಮ್ಮೆ ಹಾಕು” ಅಂದರು.

ಹಳೇ_ಟಾಕೀಸು:

ಅದೆಲ್ಲ ಇರಲಿ. ಡಬ್ಬಿ ಕೊನೆಗೆ ಮಾತಾಡಿತಾ?

ಬೈಟೂ_ಕಾಫಿ:

ಆಡಿತು ಸರ್. ಅಷ್ಟರಲ್ಲಿ ಕಾಫಿ ತಣ್ಣಗಾಗಿತ್ತು. ಭಟ್ರು ಬೇರೆ ಹಾಕಿಕೊಟ್ಟರು. ಅದಕ್ಕೂ ದುಡ್ಡು ಕೊಡ್ತೀನಿ ಅಂತ ಅಜ್ಜ ಮತ್ತೆ ಫೋನ್ ತೆಗೆದರು.